ಸಿವಿಲ್ ದಾವೆ: ಮೇಲ್ಮನವಿಯೋ, ರಿಟ್ ಅರ್ಜಿಯೋ?

ಮಾಲೂರಿನ ಸಿವಿಲ್ ನ್ಯಾಯಾಲಯದಲ್ಲಿ ಜಮೀನಿನ ದಾವೆ ಹೂಡಿದವರಿಗೆ ತಾತ್ಕಾಲಿಕ ತಡೆಯಾಜ್ಞೆ ದೊರೆಯಲಿಲ್ಲ ಎನ್ನೋಣ. ನೇರವಾಗಿ ಹೈಕೋರ್ಟಿಗೆ ರಿಟ್ ಅರ್ಜಿ ಹಾಕುವ ಆತುರ ಸಹಜ. ಆದರೆ 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 43ನೇ ಆದೇಶದಡಿ ಇದಕ್ಕೆ ಮೇಲ್ಮನವಿಯ ಅವಕಾಶವಿದೆ. ಸಂಹಿತೆಯಲ್ಲೇ ದಾರಿಯಿರುವಾಗ ಸಂವಿಧಾನದ 227ನೇ ವಿಧಿಯ ಬಾಗಿಲು ಬಹುತೇಕ ಮುಚ್ಚಿದಂತೆಯೇ ಎಂಬುದು ಸುಪ್ರೀಂ ಕೋರ್ಟಿನ 2019ರ ನಿಲುವು.

ಡಿಕ್ರಿಯಾದ ಮೇಲಂತೂ ಸಾಮಾನ್ಯವಾಗಿ ಕಲಂ 96ರ ಮೇಲ್ಮನವಿಯೇ ಗತಿ. ಕೋಲಾರದ ಜಿಲ್ಲಾ ನ್ಯಾಯಾಲಯಕ್ಕಾದರೆ 30 ದಿನ, ಹೈಕೋರ್ಟಿಗಾದರೆ 90 ದಿನ. ರಿಟ್ ಎಂದು ಅಲೆಯುವಷ್ಟರಲ್ಲಿ ಈ ಗಡುವು ಮೀರಿದರೆ ಸಮರ್ಪಕ ಕಾರಣ ತೋರಿಸಿ ವಿಳಂಬ ಮನ್ನಾ ಕೋರಬೇಕು. ಅದು ಸಿಕ್ಕೇ ಸಿಗುತ್ತದೆಂಬ ಖಾತರಿಯಿಲ್ಲ. ನಷ್ಟ ಅಷ್ಟೇ ಅಲ್ಲ. ಮೊದಲ ಮೇಲ್ಮನವಿಯಲ್ಲಿ ಸಾಕ್ಷ್ಯವೆಲ್ಲ ಮರುಪರಿಶೀಲನೆಗೆ ಬರುತ್ತದೆ. 227ರಡಿ ಹೈಕೋರ್ಟ್ ಸಾಕ್ಷ್ಯವನ್ನು ಹೊಸದಾಗಿ ತೂಗುವುದಿಲ್ಲ, ಕೆಳ ನ್ಯಾಯಾಲಯ ತನ್ನ ಅಧಿಕಾರದ ಎಲ್ಲೆಯೊಳಗಿತ್ತೇ ಎಂಬುದನ್ನು ಮುಖ್ಯವಾಗಿ ನೋಡುತ್ತದೆ.

ವಾದಪತ್ರದ ತಿದ್ದುಪಡಿ ತಿರಸ್ಕಾರದಂತಹ, ಮೇಲ್ಮನವಿಗೆ ಒಳಪಡದ ಆದೇಶಗಳಿಗೆ ಮಾತ್ರ ಆ ವಿಧಿ ನೆರವಾದೀತು. 2015ರ ರಾಧೇಶ್ಯಾಮ್ ತೀರ್ಪಿನ ನಂತರ ಸಿವಿಲ್ ನ್ಯಾಯಾಲಯದ ಆದೇಶಗಳನ್ನು 226ನೇ ವಿಧಿಯಡಿ ಪ್ರಶ್ನಿಸುವಂತಿಲ್ಲ. ಕರ್ನಾಟಕ ಹೈಕೋರ್ಟಿನ ಪ್ರಕರಣಪಟ್ಟಿಯಲ್ಲಿ ‘ಜಿಎಂ-ಸಿಪಿಸಿ’ ಎಂದು ಕಾಣುವ ರಿಟ್‌ಗಳು ಇಂಥವೇ. ಅರ್ಜಿ ಹಾಕಿದ ಮಾತ್ರಕ್ಕೆ ಕೆಳಗಿನ ವಿಚಾರಣೆ ನಿಲ್ಲದು. ತಡೆಯನ್ನು ಪ್ರತ್ಯೇಕವಾಗಿ ಕೋರಬೇಕು. ಹಾಕದಿದ್ದರೂ, ಅಂತಹ ಆದೇಶದ ದೋಷ ತೀರ್ಪಿನ ಮೇಲೆ ಪರಿಣಾಮ ಬೀರಿದ್ದರೆ ಕಲಂ 105ರಂತೆ ಡಿಕ್ರಿಯ ಮೇಲ್ಮನವಿಯಲ್ಲೇ ಆಕ್ಷೇಪಿಸಬಹುದು.