ಮಾತು ನಿಂತ ಮೇಲಿನ ಪ್ರಾರ್ಥನೆ

(ಜನವರಿ 17, ಮಠಾಧಿಪತಿ ಸಂತ ಅಂತೋಣಿಯವರ ಹಬ್ಬದ ನಿಮಿತ್ತ)



ಸಂತ ಅಂತೋಣಿ ಎಂದ ಕೂಡಲೇ ನಮ್ಮ ಕಣ್ಣ ಮುಂದೆ ಬರುವವರು ಬಾಲಯೇಸುವನ್ನು ಎತ್ತಿಕೊಂಡ ಪದುವಾದ ಸಂತ ಅಂತೋಣಿಯವರು. ಡೋರನಹಳ್ಳಿಯ ಯಾತ್ರೆ, ಮಂಗಳವಾರದ ನೊವೇನಾ, ಜೂನ್ 13ರ ಹಬ್ಬ ಇವೆಲ್ಲ ನಮಗೆ ಚಿರಪರಿಚಿತ. ಆದರೆ ಧರ್ಮಸಭೆಯ ಪಂಚಾಂಗದಲ್ಲಿ ಜನವರಿ 17ರಂದು ಇನ್ನೊಬ್ಬ ಅಂತೋಣಿಯವರ ಸ್ಮರಣೆ ಇದೆ. ಪದುವಾದ ಸಂತರಿಗೆ ಹೆಸರು ಬಂದದ್ದೂ ಇವರಿಂದಲೇ. ಪೋರ್ಚುಗಲ್‌ನಲ್ಲಿ ಫೆರ್ನಾಂದೊ ಎಂಬ ಹೆಸರಿನಿಂದ ಹುಟ್ಟಿದ ಅವರು 1220ರಲ್ಲಿ ಫ್ರಾನ್ಸಿಸ್ಕನ್ ಸಭೆ ಸೇರಿದರು. ಅವರು ಸೇರಿದ ಚಿಕ್ಕ ಆಶ್ರಮ ಈಜಿಪ್ಟಿನ ಸಂತ ಅಂತೋಣಿಯವರಿಗೆ ಸಮರ್ಪಿತವಾಗಿತ್ತು. ಆ ಹೆಸರನ್ನೇ ಅವರು ಇಟ್ಟುಕೊಂಡರು. ಹೀಗೆ ಪ್ರತಿ ಮಂಗಳವಾರ ನಾವು ಕರೆಯುವ ಹೆಸರಿನ ಹಿಂದೆ ಒಂದು ಮರುಭೂಮಿ ಇದೆ, ಆ ಮರುಭೂಮಿಯಲ್ಲಿ ಒಂದು ದೀರ್ಘ ಮೌನ ಇದೆ.

ಆ ಮೌನದ ಕುರಿತು ಬರೆಯಲು ನನಗೆ ಒಂದು ಕಾರಣವಿದೆ. ಕೆಲವು ವರ್ಷಗಳ ಹಿಂದೆ, ತಿಂಗಳ ಮೊದಲ ಶುಕ್ರವಾರ, ರೋಗಿಗಳಿಗೆ ಪರಮಪ್ರಸಾದ ಕೊಡಲು ಮನೆಮನೆಗೆ ಹೋಗಿದ್ದೆ. ಒಂದು ಮನೆಯಲ್ಲಿ ಪಾರ್ಶ್ವವಾಯು ಹೊಡೆದು ಮಲಗಿದ್ದ ಹಿರಿಯರು. ಎರಡು ವರ್ಷದಿಂದ ಅವರ ಪತ್ನಿಯೇ ಊಟ ತಿನ್ನಿಸಿ, ಮೈ ಒರೆಸಿ ನೋಡಿಕೊಳ್ಳುತ್ತಿದ್ದರು. ಹೊರಡುವಾಗ ಆಕೆ ಬಾಗಿಲ ತನಕ ಬಂದು ತಗ್ಗಿದ ದನಿಯಲ್ಲಿ ಹೇಳಿದರು: "ಸ್ವಾಮಿ, ನನಗೆ ಈಗ ಜಪ ಹೇಳಕ್ಕೇ ಆಗ್ತಿಲ್ಲ. ಜಪಸರ ಕೈಯಲ್ಲಿ ಹಿಡ್ಕೊಂಡು ಶಿಲುಬೆ ನೋಡ್ತಾ ಸುಮ್ನೆ ಕೂತಿರ್ತೀನಿ. ದೇವರು ನನ್ನ ಕೈ ಬಿಟ್ಟುಬಿಟ್ನೋ ಏನೋ."

"ಹಾಗೆಲ್ಲ ಬಿಡಬಾರದಮ್ಮ, ದಿನಕ್ಕೆ ಹತ್ತು ಮಣಿಯಾದರೂ ಹೇಳಿ" ಎಂದು ಹೇಳಿ ನಾನು ಮುಂದಿನ ಮನೆಗೆ ಹೊರಟೆ. ತಪ್ಪು ಉತ್ತರವೇನಲ್ಲ. ಆದರೆ ಆಕೆ ಕೇಳಿದ ಪ್ರಶ್ನೆಗೆ ಅದು ಉತ್ತರವಾಗಿರಲಿಲ್ಲ. ಗುರುಮಠದಲ್ಲಿ ವರ್ಷಗಟ್ಟಲೆ ಧರ್ಮಸಭೆಯ ಚರಿತ್ರೆ ಓದಿದ್ದೆ, ಆ ಚರಿತ್ರೆಯಲ್ಲೇ ಆ ತಾಯಿಗೆ ಬೇಕಾದ ಮಾತು ಇತ್ತು. ಅದು ಬಾಗಿಲ ಬಳಿ ನನ್ನ ನೆನಪಿಗೆ ಬರಲಿಲ್ಲ. ಇಂದು ಅದನ್ನು ಇಲ್ಲಿ ಬರೆಯುತ್ತಿದ್ದೇನೆ.

ಮರುಭೂಮಿಯ ಪಾಠ

ಈಜಿಪ್ಟಿನ ಅಂತೋಣಿಯವರು ಸುಮಾರು ಕ್ರಿ.ಶ. 251ರಲ್ಲಿ ಅನುಕೂಲಸ್ಥ ಕ್ರೈಸ್ತ ಕುಟುಂಬವೊಂದರಲ್ಲಿ ಹುಟ್ಟಿದರು. ಇಪ್ಪತ್ತರ ಆಸುಪಾಸಿನಲ್ಲಿ ತಂದೆತಾಯಿ ತೀರಿಹೋದರು. ಒಬ್ಬಳೇ ತಂಗಿ, ಸಾಕಷ್ಟು ಜಮೀನು. ಒಂದು ದಿನ ದೇವಾಲಯಕ್ಕೆ ಹೋದಾಗ ಶ್ರೀಮಂತ ಯುವಕನಿಗೆ ಪ್ರಭು ಯೇಸು ಕೊಟ್ಟ ಕರೆಯನ್ನು ವಾಚಿಸುತ್ತಿದ್ದರು. ಇದ್ದುದನ್ನು ಮಾರಿ ಬಡವರಿಗೆ ಕೊಟ್ಟು ತನ್ನನ್ನು ಹಿಂಬಾಲಿಸುವಂತೆ ಹೇಳುವ ಆ ಭಾಗ ತನಗೇ ಹೇಳಿದಂತೆ ಅವರಿಗೆ ಕೇಳಿಸಿತು. ಜಮೀನನ್ನು ಊರವರಿಗೆ ಬಿಟ್ಟುಕೊಟ್ಟರು, ಉಳಿದ ಆಸ್ತಿ ಮಾರಿ ಬಡವರಿಗೆ ಹಂಚಿದರು, ತಂಗಿಯನ್ನು ಭಕ್ತ ಕನ್ಯೆಯರ ಆಶ್ರಯದಲ್ಲಿರಿಸಿದರು. ಮೊದಲು ಊರ ಅಂಚಿನಲ್ಲಿ, ಅನಂತರ ಸಮಾಧಿಗಳ ನಡುವೆ, ಆಮೇಲೆ ಪಾಳುಬಿದ್ದ ಕೋಟೆಯೊಂದರಲ್ಲಿ ಸುಮಾರು 20 ವರ್ಷ ಏಕಾಂಗಿಯಾಗಿ ಬಾಳಿದರು. 356ರಲ್ಲಿ, ತಮ್ಮ 105ನೇ ವಯಸ್ಸಿನಲ್ಲಿ, ಪ್ರಭುವಿನಲ್ಲಿ ನಿದ್ರಿಸಿದರು. ಅಲೆಕ್ಸಾಂದ್ರಿಯದ ಧರ್ಮಾಧ್ಯಕ್ಷ ಸಂತ ಅಥನಾಸಿಯುಸರು ಬರೆದ ಅವರ ಜೀವನಚರಿತ್ರೆ ಎಲ್ಲೆಡೆ ಹಬ್ಬಿತು. 386ರಲ್ಲಿ ಮಿಲಾನ್ ನಗರದಲ್ಲಿ ಆ ಕಥೆ ಕೇಳಿದವರಲ್ಲಿ ಸಂತ ಅಗಸ್ಟೀನರೂ ಒಬ್ಬರು. ಅವರ ಮನಪರಿವರ್ತನೆಗೆ ಅದೂ ಒಂದು ಪ್ರೇರಣೆಯಾಯಿತು.

ಇಂಥ ಮಹಾತ್ಮರಿಗೂ ಪ್ರಾರ್ಥನೆ ಬೇಸರ ತಂದ ದಿನಗಳಿದ್ದವು. ಮರುಭೂಮಿಯ ಪಿತೃಗಳ ನುಡಿಸಂಗ್ರಹದಲ್ಲಿ ಒಂದು ಪ್ರಸಂಗವಿದೆ. ಮನಸ್ಸು ನಿಲ್ಲದೆ, ಏನು ಮಾಡಬೇಕೆಂದು ತೋಚದೆ ಅಂತೋಣಿಯವರು ದೇವರಿಗೆ ಮೊರೆಯಿಟ್ಟರು. ಹೊರಗೆ ಬಂದು ನೋಡಿದರೆ ತಮ್ಮಂತೆಯೇ ಇದ್ದ ಒಬ್ಬರು ಕುಳಿತು ಹಗ್ಗ ಹೊಸೆಯುತ್ತಿದ್ದಾರೆ, ಎದ್ದು ಪ್ರಾರ್ಥಿಸುತ್ತಿದ್ದಾರೆ, ಮತ್ತೆ ಕುಳಿತು ಹಗ್ಗ ಹೊಸೆಯುತ್ತಿದ್ದಾರೆ. ಅದು ದೇವದೂತರ ಮೂಲಕ ದೇವರು ಕಲಿಸಿದ ಪಾಠವೆಂದು ಅವರು ಅರಿತರು. ಕೈಗೆ ಕೆಲಸ, ಮನಸ್ಸಿಗೆ ಪ್ರಾರ್ಥನೆ, ಎರಡೂ ಒಂದರ ಬೆನ್ನಿಗೆ ಒಂದು.

ಅದೇ ಸಂಗ್ರಹದ ಇನ್ನೊಂದು ಪ್ರಸಂಗ ಸಂಸಾರಸ್ಥರಾದ ನಿಮಗೆ ಇನ್ನೂ ಹತ್ತಿರದ್ದು. ಪಟ್ಟಣದಲ್ಲಿರುವ ಒಬ್ಬ ವೈದ್ಯ ಭಕ್ತಿಯಲ್ಲಿ ನಿನಗೆ ಸರಿಸಮ ಎಂದು ಅಂತೋಣಿಯವರಿಗೆ ತಿಳಿಸಲಾಯಿತಂತೆ. ಆತ ತನ್ನ ಅಗತ್ಯಕ್ಕಿಂತ ಹೆಚ್ಚು ಬಂದದ್ದನ್ನು ಬಡವರಿಗೆ ಕೊಡುತ್ತಿದ್ದ, ದಿನವೂ ದೇವದೂತರೊಡನೆ ಪರಮಪವಿತ್ರ ದೇವರ ಸ್ತುತಿಯನ್ನು ಹಾಡುತ್ತಿದ್ದ. ಮೌನ ಪ್ರಾರ್ಥನೆಯ ಚರಿತ್ರೆಯ ಆರಂಭದಲ್ಲೇ ಈ ಎಚ್ಚರಿಕೆ ಇದೆ: ಈ ವರ ಮಠದವರಿಗೆ ಮಾತ್ರ ಮೀಸಲಲ್ಲ.

ಒಂದು ಚಿಕ್ಕ ಮೊರೆ

ಈಜಿಪ್ಟಿನ ಈ ಅನುಭವವನ್ನು ಪಶ್ಚಿಮಕ್ಕೆ ತಂದವರಲ್ಲಿ ಪ್ರಮುಖರು ಜಾನ್ ಕಾಸಿಯನ್. ಅವರು ಗೆಳೆಯ ಜರ್ಮಾನುಸರೊಡನೆ ಮರುಭೂಮಿಯಲ್ಲಿ ವರ್ಷಗಟ್ಟಲೆ ಅಲೆದು, ಹಿರಿಯ ಸಂನ್ಯಾಸಿಗಳ ಬಳಿ ಕುಳಿತು ಪ್ರಶ್ನೆ ಕೇಳಿದರು. ಅನಂತರ ಈಗಿನ ಫ್ರಾನ್ಸಿನ ಮಾರ್ಸೇಯಲ್ಲಿ ನೆಲೆಸಿ, 420ರ ದಶಕದಲ್ಲಿ ಆ ಸಂವಾದಗಳನ್ನು ಲತೀನ್ ಭಾಷೆಯಲ್ಲಿ ಬರೆದರು. ಎಲ್ಲೆಲ್ಲೋ ಓಡುವ ಮನಸ್ಸನ್ನು ಹೇಗೆ ನಿಲ್ಲಿಸುವುದು ಎಂಬ ಪ್ರಶ್ನೆಗೆ ಹಿರಿಯರಾದ ಐಸಾಕರು ಕೊಟ್ಟ ಉತ್ತರ ಬಹಳ ಸರಳ. 70ನೇ ಕೀರ್ತನೆಯ ಮೊದಲ ವಚನವನ್ನು, ಅಂದರೆ ದೇವರೇ ಬೇಗ ನೆರವಿಗೆ ಬರಬೇಕೆಂಬ ಆ ಮೊರೆಯನ್ನು, ಕೂತಾಗ ನಿಂತಾಗ, ಉಣ್ಣುವಾಗ ಮಲಗುವಾಗ ಮನಸ್ಸಿನಲ್ಲಿ ಇಟ್ಟುಕೊಂಡಿರಬೇಕು. ಇಂದಿಗೂ ಗುರುಗಳೂ ಕನ್ಯಾಸ್ತ್ರೀಯರೂ ಹೇಳುವ ಧರ್ಮಸಭೆಯ ದೈನಂದಿನ ಪ್ರಾರ್ಥನೆ ಆರಂಭವಾಗುವುದು ಅದೇ ವಚನದಿಂದ. ಮೊರೆ ಚಿಕ್ಕದು. ಅದು ಮನಸ್ಸಿನಲ್ಲಿ ನೆಲೆಯಾದ ಮೇಲೆ ಕೆಲವೊಮ್ಮೆ ಮಾತೂ ನಿಂತು ಮೌನವೇ ಪ್ರಾರ್ಥನೆಯಾಗುತ್ತದೆ ಎಂದು ಕಾಸಿಯನ್ ದಾಖಲಿಸಿದ್ದಾರೆ.

ಕಾಸಿಯನರ ಈ ಸಂವಾದಗಳನ್ನು ತಮ್ಮ ಮಠವಾಸಿಗಳು ಓದಬೇಕೆಂದು ಸಂತ ಬೆನೆಡಿಕ್ಟರು (ಸುಮಾರು 480-547) ತಮ್ಮ ನಿಯಮಾವಳಿಯಲ್ಲಿ ಬರೆದರು. 73 ಅಧ್ಯಾಯಗಳ ಆ ನಿಯಮಾವಳಿ ದಿನವನ್ನು ಪ್ರಾರ್ಥನೆ, ದುಡಿಮೆ, ಪವಿತ್ರ ಓದು ಎಂದು ಹಂಚುತ್ತದೆ. ಪ್ರಾರ್ಥನೆಯ ಬಗೆಗಿನ 20ನೇ ಅಧ್ಯಾಯ ಕೆಲವೇ ಸಾಲುಗಳದ್ದು. ದೇವರು ನಮಗೆ ಕಿವಿಗೊಡುವುದು ಮಾತಿನ ರಾಶಿಗಲ್ಲ, ಶುದ್ಧ ಹೃದಯಕ್ಕೆ ಎಂಬುದು ಅದರ ತಾತ್ಪರ್ಯ. ಬೆಂಗಳೂರಿನ ಕೆಂಗೇರಿ ಬಳಿಯ ಆಶೀರ್ವನಂ ಮಠ ಇದೇ ಬೆನೆಡಿಕ್ಟೀನ್ ಪರಂಪರೆಗೆ ಸೇರಿದ್ದು.

ನಾಲ್ಕು ಮೆಟ್ಟಿಲು

1084ರಲ್ಲಿ ಸಂತ ಬ್ರೂನೋ ಮತ್ತು ಆರು ಮಂದಿ ಸಂಗಾತಿಗಳು ಫ್ರಾನ್ಸಿನ ಆಲ್ಪ್ಸ್ ಬೆಟ್ಟಗಳಲ್ಲಿ ಕಾರ್ಥೂಸಿಯನ್ ಸಭೆಯನ್ನು ಆರಂಭಿಸಿದರು. ಮುಂದಿನ ಶತಮಾನದಲ್ಲಿ ಅಲ್ಲಿನ ಮಠಾಧಿಕಾರಿಯಾಗಿದ್ದ ಎರಡನೇ ಗಿಗೊ ಎಂಬವರು ಜೆರ್ವಾಸ್ ಎಂಬ ಸಹೋದರರಿಗೆ ಒಂದು ಪತ್ರ ಬರೆದರು. ಒಂದು ದಿನ ಕೈಕೆಲಸ ಮಾಡುತ್ತಿದ್ದಾಗ ಅವರಿಗೆ ಹೊಳೆದ ವಿಚಾರ ಅದು: ಭೂಮಿಯಿಂದ ಸ್ವರ್ಗಕ್ಕೆ ಒಂದು ಏಣಿ, ಅದಕ್ಕೆ ಪಠಣ, ಮನನ, ಪ್ರಾರ್ಥನೆ, ಧ್ಯಾನ ಎಂಬ ನಾಲ್ಕು ಮೆಟ್ಟಿಲು. ಅವರು ಇದನ್ನು ಊಟಕ್ಕೆ ಹೋಲಿಸುತ್ತಾರೆ. ದೇವರ ವಾಕ್ಯವನ್ನು ಓದುವುದೆಂದರೆ ತುತ್ತನ್ನು ಬಾಯಿಗಿಡುವುದು, ಮನನವೆಂದರೆ ಅಗಿಯುವುದು, ಪ್ರಾರ್ಥನೆಯೆಂದರೆ ಅದರ ರುಚಿ ಹತ್ತುವುದು, ಧ್ಯಾನವೆಂದರೆ ಆ ಸವಿಯಲ್ಲೇ ತಣಿಯುವುದು. ಮೊದಲ ಮೂರರಲ್ಲಿ ನಮ್ಮ ಪ್ರಯತ್ನ ಬೇಕು. ನಾಲ್ಕನೆಯದು ದೇವರ ಕೊಡುಗೆ. ಅದನ್ನು ಬಲವಂತದಿಂದ ಪಡೆಯಲಾಗದು, ಸಿದ್ಧರಾಗಿ ಕಾಯಬಹುದು ಅಷ್ಟೇ.

ಹಾಗಾದರೆ ಇಷ್ಟು ದೊಡ್ಡ ನಿಧಿ ಜನಸಾಮಾನ್ಯರ ಕೈಗೆ ಏಕೆ ಸಿಗಲಿಲ್ಲ? ಓದು ಬಾರದವರಿಗೆ ಗ್ರಂಥ ದೂರವಿತ್ತು. 150 ಕೀರ್ತನೆಗಳ ಬದಲಿಗೆ 150 ನಮೋಮರಿಯ ಹೇಳುವ ಜಪಮಾಲೆ ಅವರ ಕೈಗೆ ಬಂತು. ಅದೂ ದೊಡ್ಡ ವರವೇ, ರಹಸ್ಯಗಳನ್ನು ಮನನ ಮಾಡುತ್ತಾ ಹೇಳಿದರೆ ಜಪಮಾಲೆಯೇ ಮೌನಕ್ಕೆ ದಾರಿ. ಆದರೆ ಭಯವೂ ಒಂದು ಕಾರಣವಾಯಿತು. 1559ರಲ್ಲಿ ಸ್ಪೇನಿನ ಧರ್ಮವಿಚಾರಣಾ ಮಂಡಳಿ ಜನರ ಭಾಷೆಯಲ್ಲಿದ್ದ ಅನೇಕ ಪ್ರಾರ್ಥನಾ ಪುಸ್ತಕಗಳನ್ನು ನಿಷೇಧಿಸಿತು. ಮುಂದೆ 1687ರಲ್ಲಿ ಜಗದ್ಗುರು ಹನ್ನೊಂದನೇ ಇನ್ನೊಸೆಂಟರು ಮೊಲಿನೋಸ್ ಎಂಬ ಗುರುವಿನ ಬೋಧನೆಯನ್ನು ಖಂಡಿಸಿದರು. ಆತ್ಮ ಏನನ್ನೂ ಮಾಡಬೇಕಿಲ್ಲ, ಶೋಧನೆಯನ್ನು ಎದುರಿಸುವುದೂ ಬೇಡ ಎಂಬ ಅತಿರೇಕ ಅದರಲ್ಲಿತ್ತು. ಖಂಡನೆ ಸರಿಯೇ. ಆದರೆ ಅದರ ನೆರಳು ನಿಜವಾದ ಮೌನ ಪ್ರಾರ್ಥನೆಯ ಮೇಲೂ ಬಿತ್ತು, ಅದು ಕೆಲವರಿಗಷ್ಟೇ ಎಂಬ ಭಾವನೆ ಉಳಿಯಿತು.

ಬಾವಿಯಿಂದ ಮಳೆಯವರೆಗೆ

1559ರ ಆ ನಿಷೇಧದಿಂದ ನೊಂದವರಲ್ಲಿ ಆವಿಲಾದ ಸಂತ ತೆರೇಸಾ (1515-1582) ಒಬ್ಬರು. ಅವರು 1535ರಲ್ಲಿ ಕಾರ್ಮೆಲ್ ಮಠ ಸೇರಿದರು. ಮೌನ ಪ್ರಾರ್ಥನೆಯ ಮಹಾಗುರುವೆಂದು ನಾವು ಗೌರವಿಸುವ ಈ ಸಂತೆ ತಮ್ಮ ಆತ್ಮಕಥೆಯಲ್ಲಿ ಮುಚ್ಚುಮರೆಯಿಲ್ಲದೆ ಒಪ್ಪಿಕೊಳ್ಳುವ ಸಂಗತಿ ಏನು ಗೊತ್ತೇ? ಎಷ್ಟೋ ವರ್ಷ ಪ್ರಾರ್ಥನೆಗೆ ಕುಳಿತರೆ ಅವರ ಗಮನವೆಲ್ಲ ಗಂಟೆ ಯಾವಾಗ ಮುಗಿಯುವುದೋ ಎಂಬುದರ ಕಡೆಗಿರುತ್ತಿತ್ತು. ಒಂದು ವರ್ಷಕ್ಕೂ ಮಿಕ್ಕಿ ಮೌನ ಪ್ರಾರ್ಥನೆಯನ್ನು ಬಿಟ್ಟೇ ಬಿಟ್ಟಿದ್ದರು. ತಾನು ಅದಕ್ಕೆ ಯೋಗ್ಯಳಲ್ಲ ಎಂಬ ಆ ಹುಸಿ ದೀನತೆಯೇ ತನ್ನ ದೊಡ್ಡ ತಪ್ಪು ಎಂದು ಅನಂತರ ಬರೆದರು.

ತೋಟಕ್ಕೆ ನೀರು ಹಾಯಿಸುವ ನಾಲ್ಕು ವಿಧಾನಗಳ ಹೋಲಿಕೆಯೂ ಅವರದೇ. ಮೊದಲು ಬಾವಿಯಿಂದ ಸೇದಿ ಹೊತ್ತು ಹಾಕಬೇಕು. ಆಮೇಲೆ ನೀರೆತ್ತುವ ಚಕ್ರ, ಆಮೇಲೆ ಹರಿಯುವ ತೊರೆ, ಕೊನೆಗೆ ಮಳೆ. ಮಳೆ ಬಂದಾಗ ತೋಟಗಾರನ ಕೈ ಬಿಡುವಾಗಿರುತ್ತದೆ. ಹಾಗೆಂದು ಬಾವಿಯ ಬಳಿ ಬೆವರು ಸುರಿಸಿದ್ದು ವ್ಯರ್ಥವಲ್ಲ. ಕೊಡ ಖಾಲಿಯಾಗಿಯೇ ಮೇಲೆ ಬಂದ ದಿನವೂ ತೋಟದ ಯಜಮಾನ ಆ ದುಡಿಮೆಯನ್ನು ನೋಡುತ್ತಿರುತ್ತಾನೆ. 1970ರಲ್ಲಿ ಜಗದ್ಗುರು ಆರನೇ ಪೌಲರು ತೆರೇಸಾರನ್ನು ಧರ್ಮಸಭೆಯ ಪಂಡಿತರೆಂದು ಘೋಷಿಸಿದರು. ಆ ಗೌರವ ಪಡೆದ ಮೊದಲ ಮಹಿಳೆ ಅವರು.

ಮಂಗಳೂರಿಗೆ ಬಂದ ಮರಿಯಂ

ಈ ಪರಂಪರೆ ನಮ್ಮ ನಾಡಿಗೂ ಬಂತು. ಗಲಿಲೇಯದ ಇಬಿಲ್ಲಿನ್ ಎಂಬ ಹಳ್ಳಿಯಲ್ಲಿ 1846ರಲ್ಲಿ ಹುಟ್ಟಿದ ಮರಿಯಂ ಬವಾರ್ದಿ ಎಳವೆಯಲ್ಲೇ ತಂದೆತಾಯಿಯನ್ನು ಕಳೆದುಕೊಂಡವರು. ಮನೆಗೆಲಸದಾಕೆಯಾಗಿ ದುಡಿದು, 1867ರಲ್ಲಿ ಫ್ರಾನ್ಸಿನ ಪೋ ನಗರದ ಕಾರ್ಮೆಲ್ ಮಠ ಸೇರಿದರು. ಅಕ್ಷರ ಹೆಚ್ಚು ತಿಳಿಯದ ಅವರು ಅಲ್ಲಿ ಮಾಡಿದ್ದು ಮನೆವಾರ್ತೆಯ ಕೆಲಸ. 1870ರಲ್ಲಿ ಮಂಗಳೂರಿನಲ್ಲಿ ಭಾರತದ ಮೊದಲ ಕಾರ್ಮೆಲ್ ಮಠವನ್ನು ಸ್ಥಾಪಿಸಲು ಹೊರಟ ತಂಡದಲ್ಲಿ ಅವರೂ ಇದ್ದರು. ಹಡಗಿನ ಪ್ರಯಾಣ ಎಷ್ಟು ಕಠಿಣವಾಗಿತ್ತೆಂದರೆ ಮೂವರು ಭಗಿನಿಯರು ಮಂಗಳೂರು ತಲಪುವ ಮುನ್ನವೇ ತೀರಿಕೊಂಡರು. 1871ರ ನವೆಂಬರ್ 21ರಂದು ಮಂಗಳೂರಿನಲ್ಲೇ ಮರಿಯಂ ತಮ್ಮ ವ್ರತಗಳನ್ನು ಸ್ವೀಕರಿಸಿದರು. ಮರುವರ್ಷ ಫ್ರಾನ್ಸಿಗೆ ಹಿಂತಿರುಗಿ, ಅನಂತರ ಬೆತ್ಲೆಹೇಮಿನಲ್ಲಿ ಮಠ ಕಟ್ಟಲು ಹೋದರು. 1878ರ ಆಗಸ್ಟ್‌ನಲ್ಲಿ ಅಲ್ಲಿನ ಕಟ್ಟಡದ ಕೂಲಿಯಾಳುಗಳಿಗೆ ಕುಡಿಯಲು ನೀರು ಒಯ್ಯುವಾಗ ಬಿದ್ದು ತೋಳು ಮುರಿಯಿತು. ಗಾಯ ಕೊಳೆತು, 26ರಂದು ತಮ್ಮ 32ನೇ ವಯಸ್ಸಿನಲ್ಲಿ ಪ್ರಾಣ ಬಿಟ್ಟರು. 2015ರ ಮೇ 17ರಂದು ಜಗದ್ಗುರು ಫ್ರಾನ್ಸಿಸರು ಅವರನ್ನು ಸಂತರ ಸಾಲಿಗೆ ಸೇರಿಸಿದರು. ಧ್ಯಾನದಲ್ಲಿ ಮುಳುಗಿದ ಈ ಸಂತೆಯ ಕೊನೆಯ ಕೆಲಸ ಬಾಯಾರಿದವರಿಗೆ ನೀರು ಕೊಡುವುದು. ನಿಜವಾದ ಮೌನ ಪ್ರಾರ್ಥನೆಯನ್ನು ಗುರುತಿಸುವುದು ಹೀಗೆ: ಅದು ನೆರೆಯವನನ್ನು ಮರೆಸುವುದಿಲ್ಲ.

ನಮ್ಮ ಮನೆಗಳಲ್ಲಿ

ಪ್ರಾರ್ಥನೆಯೊಂದಿಗೆ ಪವಿತ್ರ ಗ್ರಂಥವನ್ನು ಓದಲು ದ್ವಿತೀಯ ವ್ಯಾಟಿಕನ್ ಮಹಾಸಭೆ 1965ರಲ್ಲಿ ಎಲ್ಲ ವಿಶ್ವಾಸಿಗಳಿಗೂ ಕರೆಕೊಟ್ಟಿತು. ಜಗದ್ಗುರು ಹದಿನಾರನೇ ಬೆನೆಡಿಕ್ಟರು 2010ರಲ್ಲಿ ದೇವರ ವಾಕ್ಯದ ಕುರಿತ ಪ್ರೇರಣಾ ಪತ್ರದಲ್ಲಿ ಆ ನಾಲ್ಕು ಮೆಟ್ಟಿಲುಗಳನ್ನು ವಿವರಿಸಿ, ಬದುಕಿನಲ್ಲಿ ಕ್ರಿಯೆಯಾಗಿ ಫಲಿಸುವ ತನಕ ಅದು ಪೂರ್ಣವಾಗದು ಎಂದರು. ಒಮ್ಮೆ ದೂರವಿದ್ದ ಗ್ರಂಥ ಇಂದು ನಮ್ಮ ಮನೆಯ ಪೀಠದ ಮೇಲೆ ಕನ್ನಡದಲ್ಲೇ ಇದೆ.

ಆದ್ದರಿಂದ ಈ ಹಬ್ಬದ ಸಂದರ್ಭದಲ್ಲಿ ಒಂದು ಚಿಕ್ಕ ಕೋರಿಕೆ. ರಾತ್ರಿ ಮನೆಮಂದಿಯೆಲ್ಲ ಜಪಮಾಲೆ ಮುಗಿಸಿದ ಮೇಲೆ ಕೂಡಲೇ ಏಳಬೇಡಿ. ಟೀವಿ ಆರಿರಲಿ, ಮೊಬೈಲ್ ದೂರವಿರಲಿ. ಆ ದಿನದ ಶುಭಸಂದೇಶದ ನಾಲ್ಕು ಸಾಲನ್ನು ಮಕ್ಕಳಲ್ಲಿ ಒಬ್ಬರು ನಿಧಾನವಾಗಿ ಓದಲಿ. ಮನಸ್ಸಿಗೆ ತಟ್ಟಿದ ಒಂದು ಮಾತನ್ನು ಹಿಡಿದು ಐದು ನಿಮಿಷ ಸುಮ್ಮನಿರಿ. ಮನಸ್ಸು ಅಂಗಡಿಗೆ, ಸಾಲಕ್ಕೆ, ಮಗಳ ಮದುವೆಗೆ ಓಡುತ್ತದೆ. ಓಡಲಿ, ಗದರಬೇಡಿ. ಕಾಸಿಯನರ ಹಿರಿಯರು ಕಲಿಸಿದಂತೆ ಒಂದು ಚಿಕ್ಕ ಮೊರೆಯೊಂದಿಗೆ ಮತ್ತೆ ಕರೆತನ್ನಿ.

ಇನ್ನು ಆ ತಾಯಿಯ ಮಾತು. ಮುಂದಿನ ತಿಂಗಳು ಮತ್ತೆ ಹೋದಾಗ ನಾನು ಅವಸರ ಮಾಡಲಿಲ್ಲ. ಹಿರಿಯರಿಗೆ ಪರಮಪ್ರಸಾದ ಕೊಟ್ಟ ಬಳಿಕ ಆಕೆಯ ಪಕ್ಕದಲ್ಲೇ ಕುಳಿತೆ. ಜಪಸರ ಹಿಡಿದು ಶಿಲುಬೆ ನೋಡುತ್ತಾ ಕೂರುವುದನ್ನೇ ದೊಡ್ಡ ದೊಡ್ಡ ಸಂತರು ಪ್ರಾರ್ಥನೆ ಎಂದು ಕರೆದಿದ್ದಾರೆ, ದೇವರು ನಿಮ್ಮ ಕೈ ಬಿಟ್ಟಿಲ್ಲ ಎಂದು ಹೇಳಿದೆ. ಆಕೆ ಏನೂ ಹೇಳಲಿಲ್ಲ, ಸೆರಗಿನಿಂದ ಕಣ್ಣೊರೆಸಿಕೊಂಡರು. ಅಷ್ಟರಲ್ಲಿ ಒಳಗಿನಿಂದ ಪತಿಯ ನರಳಾಟ ಕೇಳಿಸಿತು. ಜಪಸರವನ್ನು ಕುರ್ಚಿಯ ಮೇಲಿಟ್ಟು, ಒಂದು ಲೋಟ ನೀರು ತೆಗೆದುಕೊಂಡು ಒಳಗೆ ಹೋದರು.

ಮಠಾಧಿಪತಿ ಸಂತ ಅಂತೋಣಿಯವರೇ, ಮಾತಿಲ್ಲದೆ ಕುಳಿತ ನಮ್ಮೆಲ್ಲ ತಾಯಂದಿರಿಗಾಗಿ, ಮೌನಕ್ಕೆ ಬಿಡುವಿಲ್ಲದ ನಮ್ಮ ಕುಟುಂಬಗಳಿಗಾಗಿ, ಅವಸರದಲ್ಲಿರುವ ನಿಮ್ಮ ಗುರುಗಳಿಗಾಗಿ ಪ್ರಾರ್ಥಿಸಿರಿ. ಆಮೆನ್.