ಕುಡಗೋಲುಕಣ ರೋಗವೂ ಅಂಟುವಿಕೆಯ ಗ್ರಾಹಕವೂ

ಚಾಮರಾಜನಗರ ಸೀಮೆಯ ಬಿಳಿಗಿರಿರಂಗನ ಬೆಟ್ಟದ ಸೋಲಿಗರಲ್ಲಿ ವಂಶಪಾರಂಪರ್ಯವಾಗಿ ಬರುವ ಒಂದು ರಕ್ತವ್ಯಾಧಿಯುಂಟು. ಅದಕ್ಕೆ ಸಿಕಲ್ ಸೆಲ್ ಅನೀಮಿಯ, ಎಂದರೆ ಕುಡಗೋಲುಕಣ ರಕ್ತಹೀನತೆ ಎಂದು ಹೆಸರು. ಆಗಾಗ್ಗೆ ಕೈಕಾಲು, ಬೆನ್ನು, ಎದೆಗಳಲ್ಲಿ ತಡೆಯಲಾರದ ನೋವು ತಲೆದೋರುವುದೇ ಇದರ ಮುಖ್ಯಲಕ್ಷಣ. ಈ ನೋವಿಗೆ ಕಾರಣವೇನೆಂಬಲ್ಲಿ ಶಾಸ್ತ್ರಜ್ಞರ ಮತವು ಹೇಗೆ ಬೆಳೆದುಬಂದಿತೆಂಬುದು ವಿಚಾರಾರ್ಹವಾಗಿದೆ.

ಕುಡಗೋಲಿನಂತೆ ಬಾಗಿದ ರಕ್ತಕಣಗಳನ್ನು 1910ರಲ್ಲಿ ಮೊದಲು ವರ್ಣಿಸಿದವರು ಷಿಕಾಗೋ ನಗರದ ವೈದ್ಯರಾದ ಹೆರಿಕ್ ಎಂಬವರು. ದೋಷವು ಹಿಮೋಗ್ಲೋಬಿನ್ ಎಂಬ ರಕ್ತದ್ರವ್ಯದಲ್ಲಿಯೇ ಇರುವುದೆಂದು 1949ರಲ್ಲಿ ಪೌಲಿಂಗರೂ ಅವರ ಸಂಗಡಿಗರೂ ತೋರಿಸಿದರು. ಬಳಿಕ 1952ರಲ್ಲಿ ಲೇಮನ್, ಕಟ್‌ಬುಷ್ ಎಂಬಿಬ್ಬರು ನೀಲಗಿರಿಯ ಗಿರಿಜನರಲ್ಲಿ ಇದೇ ಲಕ್ಷಣವನ್ನು ಕಂಡು ಪ್ರಕಟಿಸಿದರು. ಗುಂಡ್ಲುಪೇಟೆಯಿಂದ ದಕ್ಷಿಣಕ್ಕೆ ಬಂಡೀಪುರದ ಕಾಡನ್ನು ದಾಟಿದರೆ ದೊರೆಯುವ ಸೀಮೆಯೇ ಅದು. ಭಾರತದಲ್ಲಿ ಈ ವ್ಯಾಧಿಯ ಇರವಿಗೆ ದೊರೆತ ಮೊದಮೊದಲ ಪ್ರಮಾಣಗಳಲ್ಲಿ ಇದೊಂದು.

ಬಾಗಿ ಗಡುಸಾದ ಕಣಗಳು ಕಿರುನಾಳಗಳಲ್ಲಿ ಸಿಕ್ಕಿಕೊಳ್ಳುವುದರಿಂದಲೇ ನೋವುಂಟಾಗುವುದೆಂಬುದು ಪೂರ್ವಪಕ್ಷ. ಇದಕ್ಕೆ ಒಂದು ಆಕ್ಷೇಪವುಂಟು. ಪ್ರಾಣವಾಯುವು ಕಡಮೆಯಾದೊಡನೆ ಕಣವು ಬಾಗುವುದಿಲ್ಲ. ಅದಕ್ಕೆ ಸ್ವಲ್ಪ ಕಾಲ ಹಿಡಿಯುತ್ತದೆ. ಅಷ್ಟರಲ್ಲಿ ಅನೇಕ ಕಣಗಳು ಕಿರುನಾಳವನ್ನು ದಾಟಿಹೋಗಬೇಕು. ಹಾಗಾದರೆ ಅವುಗಳನ್ನು ತಡೆದು ನಿಲ್ಲಿಸುವುದು ಯಾವುದು? 1980ರಲ್ಲಿ ಅಮೆರಿಕದ ಹೆಬೆಲ್ ಮೊದಲಾದವರು ಇದಕ್ಕೆ ಸಮಾಧಾನವನ್ನು ಸೂಚಿಸಿದರು: ಈ ಕಣಗಳು ನಾಳದ ಒಳಮೈಗೆ ಅಂಟುತ್ತವೆ, ಅಂಟು ಹೆಚ್ಚಿದಷ್ಟೂ ರೋಗವು ತೀವ್ರವಾಗಿರುತ್ತದೆ.

ಅಂಟಿಸುವ ದ್ರವ್ಯಗಳಲ್ಲಿ ಪಿ-ಸೆಲೆಕ್ಟಿನ್ ಎಂಬ ಪ್ರೋಟೀನು ಪ್ರಮುಖವಾದುದು. ಇದು ನಾಳದ ಒಳಪದರದ ಕೋಶಗಳೊಳಗೆ ಅಡಗಿದ್ದು, ಗಾಯವೋ ಉರಿಯೂತವೋ ಉಂಟಾದಾಗ ಕೆಲವೇ ನಿಮಿಷಗಳಲ್ಲಿ ಕೋಶದ ಹೊರಮೈಗೆ ಬರುತ್ತದೆ. ಹರಿಯುವ ಬಿಳಿಯ ಕಣಗಳನ್ನು ಹಿಡಿದು ನಿಧಾನಗೊಳಿಸುತ್ತದೆ. ಇದು ದೇಹರಕ್ಷಣೆಯ ವ್ಯಾಪಾರ. ಆದರೆ ಈ ವ್ಯಾಧಿಯಲ್ಲಿ ಬಿಳಿಯ ಕಣಗಳೊಡನೆ ಕೆಂಪು ಕಣಗಳೂ ಅಂಟಿ ನಿಂತು ಮಾರ್ಗವನ್ನು ಮುಚ್ಚುವುದರಿಂದ, ರಕ್ಷಕವೇ ಬಾಧಕವಾಗುತ್ತದೆ.

ಈ ಗ್ರಾಹಕವನ್ನು ತಡೆಯಲು ಕ್ರಿಜಾನ್ಲಿಜುಮಾಬ್ ಎಂಬ ಔಷಧವನ್ನು ಕಲ್ಪಿಸಿದರು. 2017ರಲ್ಲಿ ಪ್ರಕಟವಾದ ಪರೀಕ್ಷೆಯಲ್ಲಿ ವರ್ಷಕ್ಕೆ 2.98ರಷ್ಟಿದ್ದ ನೋವಿನ ಆವೃತ್ತಿಯು ಔಷಧ ಪಡೆದವರಲ್ಲಿ 1.63 ಆಗಿತ್ತು. 2019ರಲ್ಲಿ ಅಮೆರಿಕದಲ್ಲಿ ಇದಕ್ಕೆ ಅನುಮತಿ ದೊರೆಯಿತು. ಮುಂದಿನ ಪರೀಕ್ಷೆಯಲ್ಲಿ ಆ ಗುಣವು ಸ್ಥಿರಪಡಲಿಲ್ಲವಾಗಿ, 2023ರಲ್ಲಿ ಯೂರೋಪಿನಲ್ಲಿ ಅನುಮತಿಯನ್ನು ಹಿಂತೆಗೆದರು. ತಾರ್ಕಿಕರು ಕಾರ್ಯಕ್ಕೆ ಒಂದೇ ಕಾರಣವನ್ನಲ್ಲದೆ ಕಾರಣಸಾಮಗ್ರಿಯನ್ನು ಹೇಳುವುದು ಇಲ್ಲಿಯೂ ಯುಕ್ತವಾಗಿದೆ: ಅಂಟುವಿಕೆಯು ಸಾಮಗ್ರಿಯಲ್ಲಿ ಒಂದಂಶವೇ ಹೊರತು ಸರ್ವಸ್ವವಲ್ಲ.

ಇದಕ್ಕೆ ಪೋಷಕವಾದ ದೃಷ್ಟಾಂತವು ಹೈಡ್ರಾಕ್ಸಿಯೂರಿಯ ಎಂಬ ಹಳೆಯ ಔಷಧ. ಬಾಯಿಯಿಂದ ಸೇವಿಸುವ ಇದು ಗರ್ಭಾವಸ್ಥೆಯ ಹಿಮೋಗ್ಲೋಬಿನ್ನನ್ನು ಹೆಚ್ಚಿಸಿ ಕಣ ಬಾಗುವುದನ್ನೂ, ಜೊತೆಗೆ ಅಂಟುವುದನ್ನೂ ಕಡಮೆಮಾಡುತ್ತದೆ. 1995ರ ಪರೀಕ್ಷೆಯಲ್ಲಿ ಇದರಿಂದ ನೋವು ಹೆಚ್ಚುಕಡಮೆ ಅರ್ಧಕ್ಕಿಳಿಯಿತು.

ಬಿಳಿಗಿರಿಯಲ್ಲಿ ವಿವೇಕಾನಂದ ಗಿರಿಜನ ಕಲ್ಯಾಣ ಕೇಂದ್ರವು ಸ್ಥಾಪಿತವಾದದ್ದು 1981ರಲ್ಲಿ. ಕೇಂದ್ರ ಸರ್ಕಾರದ ಕುಡಗೋಲುಕಣ ನಿರ್ಮೂಲನ ಅಭಿಯಾನವು ಆರಂಭವಾದದ್ದು 2023ರಲ್ಲಿ. ನೀಲಗಿರಿಯ ಶೋಧಕ್ಕೂ ಈ ಅಭಿಯಾನಕ್ಕೂ ನಡುವೆ 71 ವರ್ಷಗಳು ಸಂದಿವೆ. ವ್ಯಾಧಿಯ ಅರಿವು ಬೆಟ್ಟದ ತಪ್ಪಲಿಗೆ ಬಂದಷ್ಟು ಬೇಗ ಚಿಕಿತ್ಸೆಯು ಹಾಡಿಪೋಡುಗಳಿಗೆ ಏರಲಿಲ್ಲವೆಂಬುದು ಇದರಿಂದ ವಿದಿತವಾಗುತ್ತದೆ. ಗ್ರಾಹಕಗಳ ಶೋಧವು ಮುಂದುವರಿಯಲಿ. ಆದರೆ ಹುಟ್ಟಿದ ಮಗುವಿನ ಒಂದು ತೊಟ್ಟು ರಕ್ತವನ್ನು ಪರೀಕ್ಷಿಸಿ, ಸಿದ್ಧವಾಗಿರುವ ಔಷಧವನ್ನು ಕಾಲಕಾಲಕ್ಕೆ ತಪ್ಪದೆ ಒದಗಿಸುವುದೇ ಪ್ರಥಮ ಕರ್ತವ್ಯವೆಂದು ಈ ಇತಿಹಾಸದಿಂದ ನಿರ್ಣಯಿಸಬಹುದಾಗಿದೆ.