ನೀಲವರ್ಣದ ಅಭ್ಯುದಯ: ವರ್ಣಾಭಿರುಚಿಯ ಚರಿತ್ರೆಯಲ್ಲಿ ಒಂದು ಅಧ್ಯಾಯ

ಮನುಷ್ಯರಿಗೆ ಯಾವ ಬಣ್ಣವು ಹೆಚ್ಚು ಪ್ರಿಯವೆಂಬ ಪ್ರಶ್ನೆಯು ಬಹುಕಾಲ ಕವಿಗಳ ಮತ್ತು ಬಣ್ಣಗಾರರ ವಿಚಾರವಾಗಿದ್ದು, 19ನೆಯ ಶತಮಾನದ ಉತ್ತರಾರ್ಧದಲ್ಲಿ ಮನಶ್ಶಾಸ್ತ್ರಜ್ಞರ ಕೈಸೇರಿತು. ಜರ್ಮನಿಯ ಗುಸ್ಟಾವ್ ಫೆಕ್ನರನು 1876ರಲ್ಲಿ ಸೌಂದರ್ಯಮೀಮಾಂಸೆಯನ್ನು ಪ್ರಯೋಗಕ್ಕೆ ಒಳಪಡಿಸುವ ಮಾರ್ಗವನ್ನು ತೆರೆದ ಮೇಲೆ, ಅಮೆರಿಕದ ಜೋಸೆಫ್ ಜಾಸ್ಟ್ರೋ ಎಂಬುವನು 1893ರ ಷಿಕಾಗೋ ಮಹಾಪ್ರದರ್ಶನಕ್ಕೆ ಬಂದ ಸುಮಾರು 4,500 ಜನರ ಮುಂದೆ ಬಣ್ಣದ ಪಟ್ಟಿಗಳನ್ನಿಟ್ಟು ಅವರ ಆಯ್ಕೆಗಳನ್ನು ಬರೆದುಕೊಂಡನು. ಗಂಡಸರಲ್ಲಿ ನೀಲಿಗೂ ಹೆಂಗಸರಲ್ಲಿ ಕೆಂಪಿಗೂ ಅಗ್ರಸ್ಥಾನ ದೊರೆಯಿತು. 1941ರಲ್ಲಿ ಐಸೆಂಕ್ ಎಂಬ ಪಂಡಿತನು ಅದುವರೆಗೆ ನಡೆದಿದ್ದ ಇಂತಹ ಪರೀಕ್ಷೆಗಳ ಫಲಗಳನ್ನೆಲ್ಲ ಒಟ್ಟುಗೂಡಿಸಿ, 21,060 ಮಂದಿಯ ಅಭಿರುಚಿಯನ್ನು ಲೆಕ್ಕಹಾಕಿ, ನೀಲಿ, ಕೆಂಪು, ಹಸುರು, ನೇರಿಳೆ, ಕಿತ್ತಳೆ, ಹಳದಿ ಎಂಬ ಅನುಕ್ರಮವನ್ನು ಪ್ರಕಟಿಸಿದನು. ಜನಾಂಗವು ಬೇರೆಯಾದರೂ ಈ ಅನುಕ್ರಮವು ಹೆಚ್ಚಾಗಿ ಬದಲಾಗದೆಂಬುದು ಆತನ ಮತ. ನೀಲಿಯ ಮೇಲಣ ಒಲವು ಮನುಷ್ಯನ ಕಣ್ಣಿಗೆ ಹುಟ್ಟಿನಿಂದಲೇ ಬಂದುದೆಂಬ ನಂಬಿಕೆಯು ಇದರಿಂದ ಬಲವಾಯಿತು.

ಆದರೆ ಇಂತಹ ಗಣನೆಯಲ್ಲಿ ಒಂದು ಲೋಪವಿದೆ. ಬದುಕಿರುವವರು ಮಾತ್ರವೇ ಇಲ್ಲಿ ಮತ ಕೊಡಬಲ್ಲರು. ಸತ್ತವರ ಅಭಿರುಚಿಯನ್ನು ಯಾವ ಪ್ರಯೋಗಶಾಲೆಯೂ ಕೇಳಲಾರದು. ಅವರು ಬಿಟ್ಟುಹೋದ ಬಟ್ಟೆ, ಗಾಜು, ಶಾಸನ, ಕರಾರುಪತ್ರಗಳನ್ನು ವಿಚಾರಿಸಿದರೆ ದೊರೆಯುವ ಉತ್ತರವು ಬೇರೆಯಾಗಿದೆ. ಯೂರೋಪಿನಲ್ಲಿ ನೀಲಿಯು ಮೊದಲಿನಿಂದಲೂ ಜನಪ್ರಿಯವಾಗಿರಲಿಲ್ಲ. ಅದು ಕ್ರಮಕ್ರಮವಾಗಿ ಜನಪ್ರಿಯವಾಯಿತು. ಆದ ಕಾಲವನ್ನೂ ಸ್ಥಳವನ್ನೂ ಬಹುಮಟ್ಟಿಗೆ ಗುರುತಿಸಬಹುದು.

ಪ್ರಾಚೀನ ರೋಮಿನವರಿಗೆ ಮುಖ್ಯ ವರ್ಣಗಳು ಬಿಳಿ, ಕೆಂಪು, ಕಪ್ಪು. ಐಶ್ವರ್ಯಾಧಿಕಾರಗಳ ಬಣ್ಣವೆಂದರೆ ಟೈರ್ ಪಟ್ಟಣದ ಊದಾ. ಅದು ಸಮುದ್ರದ ಶಂಬೂಕಗಳಿಂದ ತೆಗೆಯುತ್ತಿದ್ದುದು. 1909ರಲ್ಲಿ ಫ್ರೀಡ್‌ಲೆಂಡರನೆಂಬ ರಸಾಯನಜ್ಞನು 12,000 ಶಂಬೂಕಗಳನ್ನು ಬಳಸಿ ಪಡೆದುದು ಕೇವಲ 1.4 ಗ್ರಾಂ ಬಣ್ಣವನ್ನು. ಇದರಿಂದ ಅದರ ಬೆಲೆಯನ್ನು ಊಹಿಸಬಹುದು. ನೀಲಿಗಾದರೋ ಈ ಮರ್ಯಾದೆ ಇರಲಿಲ್ಲ. ಬ್ರಿಟನ್ನಿನವರೆಲ್ಲರೂ ಮೈಗೆ ನೀಲಿಯನ್ನು ಬಳಿದುಕೊಂಡು ಯುದ್ಧದಲ್ಲಿ ಭಯಂಕರರಾಗಿ ಕಾಣುತ್ತಿದ್ದರೆಂದು ಜೂಲಿಯಸ್ ಸೀಸರನು ತನ್ನ ಗಾಲ್ ಯುದ್ಧಗಳ ವೃತ್ತಾಂತದಲ್ಲಿ ಹೇಳಿದ್ದಾನೆ. ನೀಲಿಯೆಂದರೆ ಅನಾಗರಿಕರ ಬಣ್ಣವೆಂಬ ಭಾವನೆಗೆ ಇದಕ್ಕಿಂತ ಒಳ್ಳೆಯ ಸಾಕ್ಷ್ಯವು ಬೇಕಿಲ್ಲ. ಲ್ಯಾಟಿನ್ ಭಾಷೆಯಲ್ಲಿ ನೀಲಿಗೆ ಸ್ಥಿರವಾದ ಪದವೂ ಇರಲಿಲ್ಲ. ಇದ್ದ ಪದಗಳು ಕಪ್ಪಿಗೂ ಬೂದುಬಣ್ಣಕ್ಕೂ ಹಸುರಿಗೂ ಹೊರಳುತ್ತಿದ್ದುವು. ಆದುದರಿಂದಲೇ ಲ್ಯಾಟಿನ್ನಿನ ಮಕ್ಕಳಾದ ಭಾಷೆಗಳು ಈ ಪದಕ್ಕಾಗಿ ಪರರ ಮನೆಗೆ ಹೋಗಬೇಕಾಯಿತು. ಫ್ರೆಂಚರ 'ಬ್ಲ್ಯೂ' ಜರ್ಮನ್ ಮೂಲದಿಂದಲೂ, ಇಟಲಿಯವರ 'ಅಜ್ಜೂರೋ' ಅರಬ್ಬೀ ಪಾರಸೀಗಳ ಮೂಲದಿಂದಲೂ ಬಂದುವು. ಕನ್ನಡದಲ್ಲಿಯೂ ಇದನ್ನು ಹೋಲುವ ಸಂಗತಿಯುಂಟು: ಕರಿದು, ಬಿಳಿದು, ಕೆಂಪು, ಪಸುರು ಎಂಬುವು ದೇಶ್ಯಗಳು, ನೀಲವಾದರೋ ಸಂಸ್ಕೃತದಿಂದ ಬಂದುದು.

ಪದವಿಲ್ಲದಿದ್ದರೆ ಬಣ್ಣವೂ ಕಾಣುತ್ತಿರಲಿಲ್ಲವೆ? ಈ ಸಂದೇಹವನ್ನು ಎತ್ತಿದವನು, ಮುಂದೆ ಇಂಗ್ಲೆಂಡಿನ ಪ್ರಧಾನಿಯಾದ ಗ್ಲ್ಯಾಡ್‌ಸ್ಟನ್. 1858ರಲ್ಲಿ ಹೋಮರನನ್ನು ಕುರಿತು ಮೂರು ಸಂಪುಟಗಳನ್ನು ಪ್ರಕಟಿಸಿದ ಆತನು, ಆ ಕವಿಯು ಕಡಲಿಗೆ ದ್ರಾಕ್ಷಾರಸದ ಬಣ್ಣವನ್ನು ಹೇಳುವನೇ ಹೊರತು ಆಕಾಶವನ್ನು ನೀಲಿಯೆನ್ನುವುದಿಲ್ಲವೆಂಬುದನ್ನು ಗಮನಿಸಿ, ಪ್ರಾಚೀನ ಗ್ರೀಕರಲ್ಲಿ ವರ್ಣೇಂದ್ರಿಯವು ಇನ್ನೂ ಪೂರ್ಣವಾಗಿ ವಿಕಾಸ ಹೊಂದಿರಲಿಲ್ಲವೆಂದು ಊಹಿಸಿದನು. 1867ರಲ್ಲಿ ಲಾಜರಸ್ ಗೈಗರನು ಇದೇ ವಾದವನ್ನು ಋಗ್ವೇದಕ್ಕೂ ವಿಸ್ತರಿಸಿದನು. ಈ ಊಹೆಯು ನಿಲ್ಲತಕ್ಕುದಲ್ಲ. ಕಣ್ಣಿನ ರಚನೆಯು ಮೂರು ಸಾವಿರ ವರ್ಷಗಳಲ್ಲಿ ಹಾಗೆ ಬದಲಾಗುವುದಿಲ್ಲ. ಭಾಷೆಗಳಲ್ಲಿ ವರ್ಣನಾಮಗಳು ಒಂದು ಕ್ರಮದಲ್ಲಿ ಹುಟ್ಟುತ್ತವೆಂದೂ, ಅದರಲ್ಲಿ ನೀಲಿಯು ಕಪ್ಪು, ಬಿಳುಪು, ಕೆಂಪು, ಹಸುರು, ಹಳದಿಗಳ ಅನಂತರ ಬರುತ್ತದೆಂದೂ ಬರ್ಲಿನ್ ಮತ್ತು ಕೇ ಎಂಬುವರು 1969ರಲ್ಲಿ ತೋರಿಸಿದ ಮೇಲೆ ವಿಷಯವು ಇನ್ನಷ್ಟು ಸ್ಪಷ್ಟವಾಗಿದೆ. ನಮ್ಮ ಆಲಂಕಾರಿಕರನ್ನು ಓದಿದ್ದವರಿಗೆ ಈ ಭ್ರಮೆಯುಂಟಾಗಲು ಅವಕಾಶವೇ ಇರಲಿಲ್ಲ. ಕೃಷ್ಣ ನೀಲಗಳನ್ನೂ, ಕೃಷ್ಣ ಹರಿತಗಳನ್ನೂ, ಕೃಷ್ಣ ಶ್ಯಾಮಗಳನ್ನೂ ಒಂದೆಂಬಂತೆ ವರ್ಣಿಸುವುದು ಕವಿಸಮಯವೆಂದು ರಾಜಶೇಖರನು ಕಾವ್ಯಮೀಮಾಂಸೆಯಲ್ಲಿ ನಿಯಮವನ್ನೇ ಹೇಳಿರುವನು. ಎರಡು ಬಣ್ಣಗಳ ಭೇದವನ್ನು ಅರಿಯದವನು ಅವುಗಳನ್ನು ಒಂದಾಗಿ ಹೇಳಬಹುದೆಂಬ ಅನುಜ್ಞೆಯನ್ನು ಕೊಡಲಾರನಷ್ಟೆ.

ರೋಮಿನವರಿಗೆ ನೀಲಿ ಕಾಣುತ್ತಿದ್ದಿತು. ಅದಕ್ಕೆ ಅವರು ಬೆಲೆ ಕೊಡಲಿಲ್ಲವೆಂಬುದಿಷ್ಟೇ ನಿಜ. ಈ ಅನಾದರವು ಬಹುಕಾಲ ಮುಂದುವರಿಯಿತು. ಮುಂದೆ ಮೂರನೆಯ ಇನ್ನೊಸೆಂಟ್ ಎಂಬ ಹೆಸರಿನಿಂದ ಪೋಪನಾದವನು 1195ರ ಸುಮಾರಿನಲ್ಲಿ ಕ್ರೈಸ್ತ ಪೂಜಾವಿಧಿಯನ್ನು ಕುರಿತು ಬರೆದ ಗ್ರಂಥದಲ್ಲಿ, ಯಾವ ಹಬ್ಬಕ್ಕೆ ಯಾವ ಬಣ್ಣದ ವಸ್ತ್ರವೆಂಬುದನ್ನು ವಿಧಿಸುತ್ತ ಬಿಳಿ, ಕೆಂಪು, ಕಪ್ಪು, ಹಸುರುಗಳನ್ನು ಹೇಳುವನು. ನೀಲಿಗೆ ಅಲ್ಲಿ ಸ್ಥಾನವಿಲ್ಲ. ವಿಚಿತ್ರವೇನೆಂದರೆ, ಆ ಗ್ರಂಥವು ಹುಟ್ಟುವ ವೇಳೆಗೆ ದೇವಾಲಯದ ಕಿಟಕಿಗಳಲ್ಲಿ ನೀಲಿಯು ಆಗಲೇ ಬೆಳಗಲಾರಂಭಿಸಿದ್ದಿತು. ಪ್ಯಾರಿಸ್ಸಿನ ಬಳಿಯ ಸೇಂಟ್ ಡೆನಿಸ್ ಮಠದ ಅಧಿಪತಿ ಸೂಜೆಯು 1140ರಿಂದ 1144ರ ವರೆಗೆ ತನ್ನ ದೇವಾಲಯದ ಗರ್ಭಭಾಗವನ್ನು ಹೊಸದಾಗಿ ಕಟ್ಟಿಸಿ, ಬೆಳಕೇ ಭಗವಂತನೆಂಬ ಭಾವನೆಯಿಂದ ಬಣ್ಣದ ಗಾಜುಗಳನ್ನು ತುಂಬಿಸಿದನು. ಬಣ್ಣವು ಬೆಳಕಿನ ಅಂಶವೋ ಕೇವಲ ಜಡವಸ್ತುವಿನ ಲೇಪವೋ ಎಂಬ ವಿವಾದವು ಆಗ ತೀವ್ರವಾಗಿದ್ದಿತು. ಕ್ಲೇರ್ವೋದ ಬರ್ನಾರ್ಡನು ಎರಡನೆಯ ಪಕ್ಷವನ್ನು ಹಿಡಿದು ತನ್ನ ಪಂಗಡದ ಮಠಗಳಿಂದ ಬಣ್ಣವನ್ನು ದೂರವಿರಿಸಿದನು. ಗೆದ್ದುದು ಸೂಜೆಯ ಪಕ್ಷ. ಷಾರ್ತ್ರ್ ಪಟ್ಟಣದ ಮಹಾದೇವಾಲಯದಲ್ಲಿ, 1194ರ ಬೆಂಕಿಗೆ ಸಿಕ್ಕದೆ ಉಳಿದ ಗಾಜಿನ ಮೇರಿಯ ಚಿತ್ರವು ಉಟ್ಟಿರುವುದು ತಿಳಿನೀಲಿಯನ್ನು.

ಮೇರಿಯ ಉಡುಪಿನಲ್ಲಿ ನಡೆದ ಈ ಪರಿವರ್ತನೆಯೇ ಪ್ರಕೃತ ವಿಷಯದ ಮರ್ಮವೆನ್ನಬಹುದು. ಅದಕ್ಕೆ ಹಿಂದೆ ಪಶ್ಚಿಮ ಯೂರೋಪಿನ ಚಿತ್ರಗಳಲ್ಲಿ ಮಗನನ್ನು ಕಳೆದುಕೊಂಡ ತಾಯಿಗೆ ಉಚಿತವಾದ ಯಾವುದಾದರೊಂದು ಮಬ್ಬುಬಣ್ಣವಿದ್ದರೆ ಸಾಕಾಗಿದ್ದಿತು. ಕಪ್ಪಾಗಲಿ ಬೂದಾಗಲಿ ಕಂದಾಗಲಿ ಕಡುನೀಲಿಯಾಗಲಿ ಆಗಬಹುದಾಗಿದ್ದಿತು. 12ನೆಯ ಶತಮಾನದಲ್ಲಿ ಇವುಗಳಲ್ಲಿ ನೀಲಿಯೊಂದೇ ಉಳಿದು, ಶೋಕದ ಮಬ್ಬನ್ನು ಕಳಚಿ, ಸ್ವರ್ಗದ ಕಾಂತಿಯನ್ನು ಪಡೆಯಿತು. ಫ್ರಾನ್ಸಿನ ರಾಜರು ನೀಲಿಯ ನೆಲದ ಮೇಲೆ ಚಿನ್ನದ ಲಿಲಿ ಹೂಗಳನ್ನು ತಮ್ಮ ಲಾಂಛನವಾಗಿ ಮಾಡಿಕೊಂಡರು. 1226ರಿಂದ 1270ರ ವರೆಗೆ ಆಳಿದ ಒಂಬತ್ತನೆಯ ಲೂಯಿಯು ಸ್ವತಃ ನೀಲಿಯನ್ನು ಉಡತೊಡಗಿದನು. ದೇವಮಾತೆಯೂ ಧರ್ಮಿಷ್ಠನಾದ ರಾಜನೂ ಉಟ್ಟ ಬಣ್ಣವನ್ನು ಶ್ರೀಮಂತರು ಬಯಸದೆ ಇರುವರೆ?

ಇದಕ್ಕೆ ಬೆಲೆಯೂ ಸಹಾಯಮಾಡಿತು. ಚಿತ್ರಗಾರರ ಶ್ರೇಷ್ಠ ನೀಲಿಯು ಆಫ್ಘಾನಿಸ್ಥಾನದ ಬದಖ್ಷಾನ್ ಪ್ರಾಂತದ ಗಣಿಗಳಿಂದ ಬರುತ್ತಿದ್ದ ರಾಜಾವರ್ತವೆಂಬ ಶಿಲೆಯನ್ನು ಅರೆದು ಮಾಡಿದುದು. ಸಮುದ್ರದಾಚೆಯಿಂದ ಬಂದುದೆಂಬರ್ಥದ 'ಅಲ್ಟ್ರಾಮರೀನ್' ಎಂಬುದೇ ಅದರ ಹೆಸರಾಯಿತು. 1485ರಲ್ಲಿ ಫ್ಲಾರೆನ್ಸಿನ ಅನಾಥಾಲಯವೊಂದಕ್ಕಾಗಿ ಗಿರ್ಲಂಡಾಯೋ ಎಂಬ ಚಿತ್ರಗಾರನು ಬರೆದುಕೊಟ್ಟ ಕರಾರಿನಲ್ಲಿ, ಬಳಸುವ ನೀಲಿಯು ಔನ್ಸಿಗೆ ಸುಮಾರು ನಾಲ್ಕು ಫ್ಲಾರಿನ್ ಬೆಲೆಯ ಅಲ್ಟ್ರಾಮರೀನೇ ಆಗಿರತಕ್ಕುದೆಂದು ನಿಬಂಧನೆಯುಂಟು. ಭಕ್ತನು ಮೇರಿಯ ಸೆರಗನ್ನು ನೋಡಿ ತಲೆಬಾಗುವಾಗ, ಆ ಭಕ್ತಿಯಲ್ಲಿ ದಾನಿಯ ಹಣದ ಚೀಲಕ್ಕೆ ಸಲ್ಲುತ್ತಿದ್ದ ಪಾಲೆಷ್ಟೆಂದು ಬೇರ್ಪಡಿಸುವುದು ಕಷ್ಟ.

ಬಟ್ಟೆಯ ನೀಲಿಯ ಕಥೆ ಬೇರೆ. ಯೂರೋಪಿನವರು ಅದನ್ನು ಪಡೆಯುತ್ತಿದ್ದುದು ವೋಡ್ ಎಂಬ ಗಿಡದ ಎಲೆಗಳಿಂದ. ಪಿಕಾರ್ಡಿ, ತೂಲೂಸ್, ಥುರಿಂಗಿಯಾ ಪ್ರಾಂತಗಳು ಇದರ ಬೆಳೆಯಿಂದ ಸಿರಿವಂತವಾದುವು. ಕೆಂಪು ಬಣ್ಣಕ್ಕೆ ಬೇಕಾದ ಮಂಜಿಷ್ಠದ ವ್ಯಾಪಾರಿಗಳಿಗೆ ಇದು ಸಹನೆಯಾಗಲಿಲ್ಲ. ಹೊಸ ರೂಢಿಗೆ ಕಳಂಕ ಹಚ್ಚುವುದಕ್ಕಾಗಿ ಅವರು ಥುರಿಂಗಿಯಾದಲ್ಲಿ ದೇವಾಲಯದ ಚಿತ್ರಗಳಲ್ಲಿ ಪಿಶಾಚಗಳಿಗೆ ನೀಲಿಯನ್ನು ಹಚ್ಚಿಸಿದರೆಂದು, 2000ದಲ್ಲಿ ನೀಲಿಯ ಚರಿತ್ರೆಯನ್ನು ಪ್ರಕಟಿಸಿದ ಫ್ರೆಂಚ್ ವಿದ್ವಾಂಸ ಮಿಷೆಲ್ ಪಾಸ್ತೂರೋ ಹೇಳುತ್ತಾರೆ. ಅಭಿರುಚಿಯು ಕಣ್ಣಿನ ಸಹಜಧರ್ಮವೇ ಆಗಿದ್ದರೆ ವ್ಯಾಪಾರಿಗಳು ಪಿಶಾಚಗಳಿಗೆ ಹಣ ಸುರಿಯುವ ಆವಶ್ಯಕತೆಯಿರಲಿಲ್ಲ. ಹಣ ಸುರಿದುದೂ ವ್ಯರ್ಥವಾಯಿತು.

ವೋಡ್ ವ್ಯಾಪಾರಿಗಳ ಸರದಿಯು ಅನಂತರ ಬಂದಿತು. 1498ರಲ್ಲಿ ಪೋರ್ಚುಗೀಸರು ಭಾರತಕ್ಕೆ ಕಡಲದಾರಿಯನ್ನು ಕಂಡುಕೊಂಡ ಮೇಲೆ, ಅದುವರೆಗೆ ಸ್ವಲ್ಪಸ್ವಲ್ಪವಾಗಿ ಸಾಗುತ್ತಿದ್ದ ಭಾರತದ ನೀಲಿಯು ಹೇರಳವಾಗಿ ಹೋಗತೊಡಗಿತು. ವೋಡಿನಲ್ಲಿಯೂ ಭಾರತದ ನೀಲಿಗಿಡದಲ್ಲಿಯೂ ಬಣ್ಣಕ್ಕೆ ಕಾರಣವಾದ ದ್ರವ್ಯವು ಒಂದೇ. ನೀಲಿಗಿಡದಲ್ಲಿ ಅದರ ಪ್ರಮಾಣವು ಬಹಳ ಹೆಚ್ಚು. ಆದರೂ ಒಂದು ಧರ್ಮಸಮ್ಮತವೆಂದೂ ಇನ್ನೊಂದು ಪೈಶಾಚಿಕವೆಂದೂ ಎಣಿಸಲ್ಪಟ್ಟಿತು. ಜರ್ಮನ್ ಸಾಮ್ರಾಜ್ಯದ 1577ರ ಶಾಸನವು ಭಾರತದ ನೀಲಿಯನ್ನು ಪಿಶಾಚದ ಬಣ್ಣವೆಂದು ನಿಷೇಧಿಸಿತು. ಫ್ರಾನ್ಸಿನ ನಾಲ್ಕನೆಯ ಹೆನ್ರಿಯು 1609ರಲ್ಲಿ ಅದನ್ನು ಬಳಸಿದವರಿಗೆ ಮರಣದಂಡನೆಯನ್ನೇ ವಿಧಿಸಿದನು. ಅಲ್ಲಿಯ ನಿರ್ಬಂಧವು ಪೂರ್ತಿಯಾಗಿ ಸಡಿಲವಾದುದು 1737ರಲ್ಲಿ. ಒಂದೇ ದ್ರವ್ಯ, ಒಂದೇ ವರ್ಣ. ಮೇರಿಯ ಮೈಮೇಲೆ ಪೂಜ್ಯ, ಭಾರತದ ಪೆಟ್ಟಿಗೆಯಲ್ಲಿ ಪಾಪ.

ಆದರೆ ಈ ವಿಷಯದಲ್ಲಿ ಯೂರೋಪಿನವರನ್ನು ನೋಡಿ ನಗುವಂತೆಯೂ ಇಲ್ಲ. ನೀಲಿಯ ತೌರಾದ ಭಾರತದಲ್ಲಿಯೇ, ಆಪತ್ಕಾಲದಲ್ಲಿ ವೈಶ್ಯವೃತ್ತಿಯನ್ನು ಹಿಡಿದ ಬ್ರಾಹ್ಮಣನು ಮಾರಬಾರದ ಪದಾರ್ಥಗಳಲ್ಲಿ ಮದ್ಯ, ಅರಗುಗಳ ಜೊತೆಗೆ ನೀಲಿಯನ್ನೂ ಮನುಸ್ಮೃತಿಯ ಹತ್ತನೆಯ ಅಧ್ಯಾಯವು ಸೇರಿಸಿದೆ. ಭರತನು ನಾಟ್ಯಶಾಸ್ತ್ರದಲ್ಲಿ ರಸಗಳಿಗೆ ವರ್ಣಗಳನ್ನು ಹೇಳುವಾಗ ಶೃಂಗಾರಕ್ಕೆ ಶ್ಯಾಮವನ್ನು ಕೊಟ್ಟು, ನೀಲವನ್ನು ಬೀಭತ್ಸಕ್ಕೆ ಇಟ್ಟಿರುವನು. ಕವಿಗಳು ಒಂದಾಗಿ ಕಾಣುತ್ತಿದ್ದ ಶ್ಯಾಮ ನೀಲಗಳು ಶಾಸ್ತ್ರಕಾರನ ಕೈಯಲ್ಲಿ ಅನುರಾಗಕ್ಕೂ ಜುಗುಪ್ಸೆಗೂ ಹಂಚಿಹೋದುವು. ಎಲೆಗಳನ್ನು ತೊಟ್ಟಿಯಲ್ಲಿ ಕೊಳೆಯಿಸಿ, ದುರ್ಗಂಧದ ನಡುವೆ ತೆಗೆಯುವ ಬಣ್ಣವಾದುದರಿಂದ ಅದಕ್ಕೆ ಅಶೌಚವು ಅಂಟಿರಬಹುದೆಂಬ ಊಹೆಯು ಅಯುಕ್ತವಲ್ಲ. ದೇವರ ಮೈಬಣ್ಣವಾಗಿ ಕೊಂಡಾಡಲ್ಪಟ್ಟುದು ಮನುಷ್ಯನ ಬಟ್ಟೆಗೆ ಬಂದಾಗ ಮೈಲಿಗೆಯಾಯಿತು.

ನೀಲಿಯ ಮೇಲಣ ಯೂರೋಪಿನ ಮೋಹವು ಮುಂದೆ ಬಂಗಾಳದ ರೈತನಿಗೆ ಶಾಪವಾದುದು ಸುಪ್ರಸಿದ್ಧ. ನೀಲಿಯ ತೋಟಗಾರರ ಬಲಾತ್ಕಾರವನ್ನು ಎದುರಿಸಿ 1859-60ರಲ್ಲಿ ರೈತರು ದಂಗೆಯೆದ್ದರು. ದೀನಬಂಧು ಮಿತ್ರನ 'ನೀಲದರ್ಪಣ' ನಾಟಕವು 1860ರಲ್ಲಿ ಹೊರಬಂದಿತು. ಬಿಹಾರದ ಚಂಪಾರಣ್ಯದಲ್ಲಿ ಇಪ್ಪತ್ತು ಕಠಾ ನೆಲಕ್ಕೆ ಮೂರು ಕಠಾದಂತೆ ನೀಲಿಯನ್ನು ಬೆಳೆಯಲೇಬೇಕೆಂಬ ಕಟ್ಟಳೆಯು 1917ರಲ್ಲಿ ಗಾಂಧೀಜಿಯವರು ಅಲ್ಲಿಗೆ ಹೋಗುವ ವರೆಗೆ ಉಳಿದಿದ್ದಿತು. ಅಷ್ಟರೊಳಗೆ ಜರ್ಮನಿಯ ಬೇಯರನು 1880ರಲ್ಲಿ ಕೃತಕ ನೀಲಿಯನ್ನು ಸಾಧಿಸಿದ್ದನು. 1897ರಲ್ಲಿ ಅದು ಮಾರುಕಟ್ಟೆಗೆ ಬಂದು, ಗಿಡದ ನೀಲಿಯ ವ್ಯಾಪಾರವನ್ನು ಕೆಲವೇ ವರ್ಷಗಳಲ್ಲಿ ಮುರಿಯಿತು. ನಮ್ಮ 'ನೀಲ'ವೇ ಅರಬ್ಬರ ಬಾಯಲ್ಲಿ 'ಅನ್ನೀಲ್' ಆಗಿ, ಪೋರ್ಚುಗೀಸರಲ್ಲಿ 'ಅನಿಲ್' ಆಗಿ, ಕೃತಕವರ್ಣಗಳ ಮೂಲವಾದ 'ಅನಿಲೀನ್' ಎಂಬ ದ್ರವ್ಯಕ್ಕೆ ಹೆಸರಾದುದು ಭಾಷಾಚರಿತ್ರೆಯ ಒಂದು ವಿನೋದ.

ಹೀಗೆ ಅಗ್ಗವಾದ ಮೇಲೂ ನೀಲಿಯ ಗೌರವವು ಕುಗ್ಗಲಿಲ್ಲವೆಂಬುದು ವಿಚಾರಾರ್ಹ. ಊದಾ ಬಣ್ಣವು ದುರ್ಲಭವಾಗಿದ್ದಷ್ಟು ಕಾಲ ಮಾತ್ರ ಆಳಿತು. ನೀಲಿಯು ಸುಲಭವಾಗಿಯೂ ಆಳಿತು. ಅದಕ್ಕೆ ಆ ವೇಳೆಗೆ ಬೇರೆ ಆಶ್ರಯಗಳು ದೊರೆತಿದ್ದುವು. 1748ರಲ್ಲಿ ಇಂಗ್ಲೆಂಡಿನ ನೌಕಾಬಲದ ಅಧಿಕಾರಿಗಳಿಗೆ ನೀಲಿಯ ಉಡುಪು ನಿಯತವಾಯಿತು. 1774ರಲ್ಲಿ ಗ್ಯೋಟೆಯ ಕಾದಂಬರಿಯ ನಾಯಕನಾದ ವರ್ಟರನು ನೀಲಿಯ ಕೋಟನ್ನು ತೊಟ್ಟು ಪ್ರಾಣಬಿಟ್ಟ ಮೇಲೆ, ಯೂರೋಪಿನ ತರುಣರು ಅದೇ ಕೋಟನ್ನು ಹೊಲಿಸಿಕೊಂಡರು. 1802ರಲ್ಲಿ ಪ್ರಕಟವಾದ ನೋವಾಲಿಸನ ಕಥೆಯಲ್ಲಿ ನಾಯಕನು ಕನಸಿನಲ್ಲಿ ಕಂಡು ಹಂಬಲಿಸುವ ಹೂವೂ ನೀಲಿಯೇ. 1873ರಲ್ಲಿ ಅಮೆರಿಕದ ಲೀವೈ ಸ್ಟ್ರೌಸ್ ಮತ್ತು ಜೇಕಬ್ ಡೇವಿಸ್ ತಾಮ್ರದ ಮೊಳೆಗಳಿಂದ ಬಿಗಿದ ಕೂಲಿಗಾರರ ಷರಾಯಿಗೆ ಸನ್ನದು ಪಡೆದರು. ಅದರ ನೀಲಿಬಟ್ಟೆಯು ಮುಂದಿನ ಶತಮಾನದಲ್ಲಿ ಜಗತ್ತಿನ ಉಡುಪಾಯಿತು. ಷಿಕಾಗೋದಲ್ಲಿ ಜಾಸ್ಟ್ರೋವಿನ ಬಣ್ಣದ ಪಟ್ಟಿಗಳ ಮುಂದೆ ನಿಂತ ಜನರು ಈ ಏಳುನೂರು ವರ್ಷಗಳ ಪರಂಪರೆಯನ್ನು ಕಣ್ಣಿನಲ್ಲಿ ಹೊತ್ತು ಬಂದವರೇ ಹೊರತು ಬರಿಯ ಕಣ್ಣಿನವರಲ್ಲ.

ಮನಶ್ಶಾಸ್ತ್ರಜ್ಞರೂ ಈಚೆಗೆ ಈ ಕಡೆಗೆ ತಿರುಗಿರುವರು. ಕ್ಯಾಲಿಫೋರ್ನಿಯದ ಬರ್ಕ್ಲಿಯ ಪಾಮರ್ ಮತ್ತು ಷ್ಲಾಸ್ ಎಂಬುವರು 2010ರಲ್ಲಿ, ಒಂದು ಬಣ್ಣದ ಮೇಲಣ ಪ್ರೀತಿಯು ಆ ಬಣ್ಣದ ವಸ್ತುಗಳ ಮೇಲಣ ಪ್ರೀತಿಯ ಸರಾಸರಿಯೆಂದು ಪ್ರತಿಪಾದಿಸಿದರು: ತಿಳಿನೀರು, ನಿರ್ಮಲಾಕಾಶಗಳಿಂದ ನೀಲಿಗೆ ಲಾಭ, ಕೊಳೆತ ಪದಾರ್ಥಗಳಿಂದ ಕಂದಿಗೆ ನಷ್ಟ. ನೀಲಿ ಲಾಂಛನದ ಬರ್ಕ್ಲಿಯ ವಿದ್ಯಾರ್ಥಿಗಳಿಗೂ ಕೆಂಪು ಲಾಂಛನದ ಸ್ಟ್ಯಾನ್‌ಫರ್ಡಿನ ವಿದ್ಯಾರ್ಥಿಗಳಿಗೂ ತಮ್ಮ ತಮ್ಮ ವಿಶ್ವವಿದ್ಯಾನಿಲಯದ ಮೇಲಣ ಅಭಿಮಾನಕ್ಕೆ ತಕ್ಕಂತೆ ಬಣ್ಣದ ಒಲವೂ ಬೇರೆಯಾಗುವುದೆಂದು 2011ರಲ್ಲಿ ತಿಳಿದುಬಂದಿತು. ಈ ಸಿದ್ಧಾಂತವು ಐಸೆಂಕನ ಅನುಕ್ರಮಕ್ಕಿಂತ ಚರಿತ್ರೆಗೆ ಹತ್ತಿರವಾದುದು. ಆದರೂ ವಸ್ತುಗಳ ಪಟ್ಟಿಯಲ್ಲಿ ನೀರು ಆಕಾಶಗಳಿಗೆ ಇಷ್ಟು ಪ್ರಾಧಾನ್ಯ ಕೊಟ್ಟರೆ, ಅದೇ ಆಕಾಶದ ಕೆಳಗೆ ಬಾಳಿದ ರೋಮಿನವನು ನೀಲಿಯನ್ನೇಕೆ ಕಡೆಗಣಿಸಿದನೆಂಬ ಪ್ರಶ್ನೆಯು ಉಳಿಯುತ್ತದೆ. 2013ರಲ್ಲಿ ಪ್ರಕಟವಾದ ಇನ್ನೊಂದು ಪರೀಕ್ಷೆಯು ನಮೀಬಿಯಾ ದೇಶದ ಹಿಂಬಾ ಜನರನ್ನು ಕುರಿತದ್ದು. ದನಗಳನ್ನು ಸಾಕಿ ಬದುಕುವ, ಹೆಂಗಸರು ಕೆಮ್ಮಣ್ಣನ್ನು ಬೆಣ್ಣೆಯಲ್ಲಿ ಕಲಸಿ ಮೈಗೆ ಹಚ್ಚಿಕೊಳ್ಳುವ ಆ ಜನರ ಆಯ್ಕೆಗಳನ್ನು ಬ್ರಿಟಿಷರ ಆಯ್ಕೆಗಳೊಡನೆ ಹೋಲಿಸಿದಾಗ ಸಾಮ್ಯವು ಬಹು ಸ್ವಲ್ಪವಾಗಿದ್ದಿತು; ಸಾರ್ವತ್ರಿಕವೆಂದು ಹೇಳಲ್ಪಟ್ಟಿದ್ದ ಯಾವ ಲಕ್ಷಣವೂ ಅವರಲ್ಲಿ ದೊರೆಯಲಿಲ್ಲ. ಅವರ ಕಣ್ಣುಗಳಿಗೂ ನೀಲಿ ಕಾಣುತ್ತದೆ.